ಮತ ನಮ್ಮದು, ಕಚೇರಿ ಯಾರದು?

ಪ್ರತಿವರ್ಷ ಜುಲೈ 21ನೆಯ ದಿನ ಬಂದಿತೆಂದರೆ ನರಗುಂದ ಮತ್ತು ನವಲಗುಂದಗಳಲ್ಲಿ ರೈತ ಹುತಾತ್ಮರ ವೀರಗಲ್ಲುಗಳಿಗೆ ಹೂಮಾಲೆಗಳು ಬೀಳುತ್ತವೆ. ಎಲ್ಲ ಪಕ್ಷಗಳ ಮುಖಂಡರೂ ಬರುತ್ತಾರೆ. ವಿರೋಧ ಪಕ್ಷದಲ್ಲಿರುವವರು ರೈತರಂತೆ ಮಾತನಾಡುತ್ತಾರೆ. ಅಧಿಕಾರದಲ್ಲಿರುವವರು ರೈತರಿಗೆ ಸಮಾಧಾನ ಹೇಳುತ್ತಾರೆ. ಚುನಾವಣೆ ನಡೆದು ಸ್ಥಾನಗಳು ಅದಲುಬದಲಾದರೆ ಮಾತುಗಳೂ ಅದಲುಬದಲಾಗುತ್ತವೆ. ಎಲ್ಲರೂ ಸುಖವಾಗಿ ಕೈಮುಗಿಯಬಹುದಾದ ಹುತಾತ್ಮನು ಯಾರನ್ನೂ ಏನನ್ನೂ ಕೇಳಲಾರನೆಂಬ ಧೈರ್ಯ ನಮ್ಮ ಮುಖಂಡರಿಗೆ ಬಂದಂತಿದೆ. ಆದರೆ 1980ರಲ್ಲಿ ಚಿಕ್ಕನರಗುಂದದ ವೀರಪ್ಪ ಕಡ್ಲಿಕೊಪ್ಪ ಮತ್ತು ಅಳಗವಾಡಿಯ ಬಸಪ್ಪ ಲಕ್ಕುಂಡಿ ಇವರ ರಕ್ತ ಒಂದು ಪ್ರಶ್ನೆಯನ್ನು ಬರೆದಿಟ್ಟು ಹೋಗಿದೆ. ಸ್ವಾತಂತ್ರ್ಯ ಬಂದು 33 ವರ್ಷಗಳಾದ ಮೇಲೆ, ತಾನೇ ಮತ ಕೊಟ್ಟು ಕೂಡ್ರಿಸಿದ ಸರಕಾರದ ಕಚೇರಿಯ ಮುಂದೆ, ಅದೇ ಸರಕಾರದ ಗುಂಡಿಗೆ ರೈತನು ಏಕೆ ಬಲಿಯಾಗಬೇಕಾಯಿತು?

ಈ ಪ್ರಶ್ನೆಗೆ ಎರಡು ಸುಲಭ ಉತ್ತರಗಳು ಬಳಕೆಯಲ್ಲಿವೆ. ಅದು ಅಂದಿನ ಮುಖ್ಯಮಂತ್ರಿ ಗುಂಡೂರಾಯರ ದರ್ಪದ ಫಲ, ವ್ಯಕ್ತಿ ಬದಲಾದ, ಕಥೆ ಮುಗಿಯಿತು ಎಂಬುದು ಒಂದು. ಸರಕಾರವೆಂದರೆ ದುಷ್ಟ, ರೈತನೆಂದರೆ ಶಿಷ್ಟ, ಇವೆರಡರ ನಡುವಣ ಜಗಳವೇ ನಮ್ಮ ರಾಜಕಾರಣದ ಸರ್ವಸ್ವ ಎಂಬುದು ಇನ್ನೊಂದು. ಮೊದಲನೆಯದು ಆಳುವವರಿಗೆ ಹಿತವಾಗಿದೆ. ಎರಡನೆಯದು ನಮಗೆ, ಅಂದರೆ ಹೊಲ ಮನೆ ಉಳ್ಳ ಒಕ್ಕಲು ಮಕ್ಕಳಿಗೆ, ಹಿತವಾಗಿದೆ. ಎರಡೂ ಸತ್ಯವನ್ನು ಮರೆಮಾಡುತ್ತವೆ. ನಮ್ಮ ದೇಶದಲ್ಲಿ ಮತಾಧಿಕಾರವು ಹೊಸದು, ಕಚೇರಿಯು ಹಳೆಯದು; ಹೊಸ ಮತವು ಹಳೆಯ ಕಚೇರಿಯ ಒಡೆಯನನ್ನು ಬದಲಿಸಿತೇ ಹೊರತು ಕಚೇರಿಯ ಸ್ವಭಾವವನ್ನು ಬದಲಿಸಲಿಲ್ಲ. ಬದಲಿಸಬಲ್ಲ ಶಕ್ತಿಯಿದ್ದ ವರ್ಗವು ಆ ಕಚೇರಿಯೊಳಗೆ ತನಗೊಂದು ಕುರ್ಚಿ ದೊರೆತೊಡನೆ ಸುಮ್ಮನಾಯಿತು. ಈ ಲೇಖನದ ವಾದವು ಇಷ್ಟೇ.

ಕಚೇರಿಯ ಹುಟ್ಟು

ರೋಣ ತಾಲೂಕಿನ ಸವಡಿಯನ್ನೇ ನಿದರ್ಶನಕ್ಕೆ ತೆಗೆದುಕೊಳ್ಳೋಣ. ಊರು ನಿಂತ ನೆಲ ಬಿಟ್ಟು ಕದಲಿಲ್ಲ. ಆದರೆ ಅದನ್ನು ಆಳುವ ರಾಜ್ಯದ ಹೆಸರು ಎಷ್ಟು ಸಲ ಬದಲಾಗಿದೆ! 1818ರಲ್ಲಿ ಪೇಶ್ವೆಯರ ಆಳಿಕೆ ಮುಗಿದು ಧಾರವಾಡ ಸೀಮೆಯು ಕಂಪನಿ ಸರಕಾರದ ಕೈ ಸೇರಿತು. ಮುಂದೆ ಮುಂಬಯಿ ಇಲಾಖೆ, ಸ್ವಾತಂತ್ರ್ಯಾನಂತರ ಮುಂಬಯಿ ರಾಜ್ಯ, 1956ರ ನವೆಂಬರ್ 1ರಿಂದ ಮೈಸೂರು ರಾಜ್ಯ, 1973ರಿಂದ ಕರ್ನಾಟಕ. 1997ರಲ್ಲಿ ಧಾರವಾಡ ಜಿಲ್ಲೆ ಹೋಗಿ ಗದಗ ಜಿಲ್ಲೆ. ಏಕೀಕರಣಕ್ಕಾಗಿ ಈ ತಾಲೂಕು ದುಡಿದುದು ಅಲ್ಪವಲ್ಲ. ಜಕ್ಕಲಿಯ ಅಂದಾನಪ್ಪ ದೊಡ್ಡಮೇಟಿಯವರ ಹೆಸರನ್ನು ತಿಳಿಯದ ಹಿರಿಯರು ಇಲ್ಲಿಲ್ಲ. ಇಷ್ಟೆಲ್ಲ ಬದಲಾದರೂ ಸವಡಿಯ ಒಕ್ಕಲಿಗನಿಗೆ ಬದಲಾಗದೆ ಉಳಿದುದು ಒಂದೇ ದಾರಿ. ಅದು ರೋಣದ ತಾಲೂಕು ಕಚೇರಿಗೆ ಹೋಗುವ ದಾರಿ.

ಈ ಕಚೇರಿ ಯಾವ ಉದ್ದೇಶಕ್ಕಾಗಿ ಕಟ್ಟಲ್ಪಟ್ಟಿತು? ಜನರ ಮಾತು ಕೇಳುವುದಕ್ಕಾಗಿ ಅಲ್ಲ. 1840ರ ದಶಕದಲ್ಲಿ ವಿಂಗೇಟನ ನೇತೃತ್ವದಲ್ಲಿ ಈ ಸೀಮೆಯ ಹೊಲಗಳನ್ನು ಸರಪಳಿ ಹಿಡಿದು ಅಳೆದರು. ಮಣ್ಣಿನ ಕಸುವಿಗೆ ಆಣೆಗಳ ಲೆಕ್ಕದಲ್ಲಿ ಬೆಲೆ ಕಟ್ಟಿದರು. 30 ವರ್ಷಗಳ ಅವಧಿಗೆ ತೀರ್ವೆಯನ್ನು ಗೊತ್ತುಪಡಿಸಿದರು. ಅಂದು ಹೊಲಕ್ಕೆ ಬಿದ್ದ ಸರ್ವೆ ನಂಬರು ಇಂದಿಗೂ ಹೊಲದ ಕೊರಳಲ್ಲಿದೆ. ತನ್ನ ಹೊಲವನ್ನು ಅಜ್ಜನ ಹೆಸರಿನಿಂದಲೋ ಬೇವಿನ ಮರದ ಗುರುತಿನಿಂದಲೋ ಬಲ್ಲ ರೈತನು, ಕಚೇರಿಯ ಮೆಟ್ಟಿಲು ಹತ್ತಿದೊಡನೆ ಅದನ್ನು ಅಂಕಿಯಿಂದ ಹೆಸರಿಸಬೇಕು. ತೀರ್ವೆ ಪಡೆಯುವುದಕ್ಕೆ ಮಾಮಲೇದಾರ, ಲೆಕ್ಕವಿಡುವುದಕ್ಕೆ ಕುಲಕರ್ಣಿ, ವಸೂಲಿಗೆ ಗೌಡ, ತಪ್ಪಿದರೆ ಜಪ್ತಿ. ಇದೇ ಆ ರಾಜ್ಯದ ನಿಜವಾದ ಸಂವಿಧಾನವಾಗಿದ್ದಿತು.

ಇದರಲ್ಲಿ ಇನ್ನೊಂದು ಗಂಟು ಇದೆ. ತೀರ್ವೆಯನ್ನು ವಸೂಲು ಮಾಡುವ ಕೈಗೇ ಶಾಂತಿಪಾಲನೆಯ ಬೆತ್ತವನ್ನೂ ಕೊಡಲಾಯಿತು. ಸಾಲಿಗನೇ ನ್ಯಾಯಾಧೀಶನಾದರೆ ಸಾಲಗಾರನ ಗತಿಯೇನು? ತಹಸೀಲ್ದಾರರು ಭೂಕಂದಾಯದ ಅಧಿಕಾರಿಗಳೂ ಹೌದು, ನಿಷೇಧಾಜ್ಞೆ ಹೊರಡಿಸಬಲ್ಲ ತಾಲೂಕು ದಂಡಾಧಿಕಾರಿಗಳೂ ಹೌದು. ಇದು ಬ್ರಿಟಿಷರು ಕಟ್ಟಿದ ಗಂಟು. ನಾವು ಅದನ್ನು ಬಿಚ್ಚದೆ ಇಟ್ಟುಕೊಂಡಿದ್ದೇವೆ.

1852ರ ಇನಾಂ ಕಮಿಶನ್ನು, ದತ್ತಕದ ನಿರಾಕರಣೆ, ನಿಃಶಸ್ತ್ರೀಕರಣ ಇವು ಸೇರಿ 1858ರಲ್ಲಿ ನರಗುಂದದ ಬಾಬಾಸಾಹೇಬರು ಬಂಡೆದ್ದರು. ಅದೇ ವರ್ಷ ಬೆಳಗಾವಿಯಲ್ಲಿ ಅವರನ್ನು ಗಲ್ಲಿಗೇರಿಸಿದರು. ಅದು ಸಂಸ್ಥಾನಿಕನ ಬಂಡಾಯ. ನರಗುಂದದ ಎರಡನೆಯ ಬಂಡಾಯಕ್ಕೆ 122 ವರ್ಷ ಹಿಡಿಯಿತು. ಅದು ಒಕ್ಕಲು ಮಕ್ಕಳದು. ರಾಜನು ಗಲ್ಲಿಗೇರಿದುದು ಪರದೇಶಿಯ ಆಳಿಕೆಯಲ್ಲಿ, ಒಕ್ಕಲಿಗನು ಗುಂಡಿಗೆ ಬಿದ್ದುದು ಸ್ವದೇಶಿಯ ಆಳಿಕೆಯಲ್ಲಿ. ಈ ವ್ಯತ್ಯಾಸವನ್ನು ನುಂಗಿಕೊಂಡು ಇತಿಹಾಸ ಬರೆಯಲಾಗದು.

ಅಂಗಿ ಬದಲಾಯಿತು, ಮೈ ಬದಲಾಗಲಿಲ್ಲ

ಇದು ನಮ್ಮೊಬ್ಬರ ಕಥೆಯಲ್ಲ. ಪರರ ಆಳಿಕೆಯಿಂದ ಬಿಡುಗಡೆ ಪಡೆದ ಅನೇಕ ನಾಡುಗಳ ಕಥೆ. ಪಾಕಿಸ್ತಾನದಲ್ಲಿ ಹುಟ್ಟಿದ ಸಮಾಜಶಾಸ್ತ್ರಜ್ಞ ಹಮ್ಜಾ ಅಲವಿಯವರು 1972ರಲ್ಲಿ ಬರೆದ ಒಂದು ಪ್ರಸಿದ್ಧ ಪ್ರಬಂಧದಲ್ಲಿ ಇದರ ಮೂಲವನ್ನು ತೋರಿಸಿದರು. ಯುರೋಪಿನಲ್ಲಿ ಅಲ್ಲಿಯ ಸಮಾಜದೊಳಗಿನ ವರ್ಗಗಳು ತಮ್ಮ ಅಳತೆಗೆ ತಕ್ಕಂತೆ ರಾಜ್ಯವನ್ನು ಕಟ್ಟಿಕೊಂಡವು. ವಸಾಹತುಗಳಲ್ಲಾದರೋ ರಾಜ್ಯವನ್ನು ಹೊರಗಿನವರು ತಂದು ನಿಲ್ಲಿಸಿದರು. ಒಳಗಿನ ಎಲ್ಲ ವರ್ಗಗಳನ್ನೂ ಅಡಗಿಸಿಡಬೇಕಾಗಿದ್ದುದರಿಂದ ಅದು ಸಮಾಜದ ಅಳತೆಗೆ ಮೀರಿ ಬೆಳೆದಿತ್ತು. ಸ್ವಾತಂತ್ರ್ಯ ಬಂದಾಗ ಆ ಬೃಹದ್ಯಂತ್ರವು, ಅಂದರೆ ಅಧಿಕಾರಿವರ್ಗ ಮತ್ತು ಸೈನ್ಯವು, ಹಾಗೆಯೇ ಉಳಿಯಿತು. ಪಾಕಿಸ್ತಾನದಲ್ಲಿ ಆ ಯಂತ್ರವೇ 1958ರಲ್ಲಿ ಗದ್ದುಗೆ ಏರಿ ಕುಳಿತಿತು.

ಆಫ್ರಿಕದ ಘಾನಾ ದೇಶವನ್ನು ನೋಡಿರಿ. ಕೋಕೋ ಬೆಳೆಯುವ ರೈತರಿಂದ ಬೆಳೆ ಕೊಂಡು ಲೋಕದ ಪೇಟೆಯಲ್ಲಿ ಮಾರುವ ಮಂಡಳಿಯನ್ನು 1947ರಲ್ಲಿ ಬ್ರಿಟಿಷರು ಸ್ಥಾಪಿಸಿದ್ದರು. ರೈತನಿಗೆ ಕೊಟ್ಟ ಬೆಲೆಗೂ ಪೇಟೆಯಲ್ಲಿ ಬಂದ ಬೆಲೆಗೂ ನಡುವಣ ಅಂತರ ಸರಕಾರದ ಪಾಲಾಗುತ್ತಿದ್ದಿತು. 1957ರಲ್ಲಿ ಸ್ವಾತಂತ್ರ್ಯ ಬಂದಿತು. ಮಂಡಳಿಯೂ ಉಳಿಯಿತು, ಅಂತರವೂ ಉಳಿಯಿತು. ದೇಶ ಕಟ್ಟುವ ಹಣವನ್ನು ನೇಗಿಲ ಹಿಂದೆ ನಡೆಯುವವನಿಂದಲೇ ಎತ್ತುವುದು, ಎತ್ತುವಾಗ ಅವನನ್ನು ಕೇಳದಿರುವುದು, ಕೇಳಿದರೆ ಪೊಲೀಸರನ್ನು ಕರೆಯುವುದು! ಕಡಲಾಚೆಯ ಕೋಕೋದ ಮಾತನ್ನು ಬಿಟ್ಟು ಎರೆಹೊಲದ ಹತ್ತಿಯ ಮಾತಿಗೆ ಬಂದರೂ ಈ ಪದ್ಧತಿಯಲ್ಲಿ ಹೆಚ್ಚು ವ್ಯತ್ಯಾಸ ಕಾಣದು.

ನಮ್ಮ ದೇಶದ ವಿಶೇಷವೆಂದರೆ ಇಲ್ಲಿ ಮತಾಧಿಕಾರ ಗಟ್ಟಿಯಾಗಿ ಬೇರೂರಿತು. 1952ರ ಮೊದಲ ಸಾರ್ವತ್ರಿಕ ಚುನಾವಣೆಯಲ್ಲಿ ವಾಡೆಯ ದೇಸಾಯರಿಗೂ ಅವರ ಹೊಲದ ಆಳಿಗೂ ಒಂದೊಂದೇ ಮತ. ಇದು ಸಣ್ಣ ಮಾತಲ್ಲ. ಅದಕ್ಕೆ ಮೊದಲು ಆಸ್ತಿ, ತೀರ್ವೆ, ಓದು ನೋಡಿ ಮತ ಕೊಡುತ್ತಿದ್ದರು. ಆದರೆ ಸಂವಿಧಾನ ಶಿಲ್ಪಿ ಅಂಬೇಡಕರರು 1949ರ ನವೆಂಬರಿನಲ್ಲಿಯೇ ಎಚ್ಚರಿಸಿದ್ದರು: ರಾಜಕಾರಣದಲ್ಲಿ ಸಮಾನತೆಯನ್ನೂ ಸಾಮಾಜಿಕ, ಆರ್ಥಿಕ ಬಾಳಿನಲ್ಲಿ ಅಸಮಾನತೆಯನ್ನೂ ಹೊತ್ತು ಎಷ್ಟು ದಿನ ನಡೆಯಬಲ್ಲೆವು ಎಂದು. ನಾವು ನಡೆದೇ ನಡೆದೆವು. ಮತದ ದಿನ ಒಡೆಯ, ಉಳಿದ ದಿನ ಅರ್ಜಿದಾರ. ಇದೇ ನಮ್ಮ ಪ್ರಜೆಯ ದ್ವಿಪಾತ್ರಾಭಿನಯ.

ದೇಶಭಕ್ತಿ ಯಾವಾಗ ದ್ರೋಹವಾಯಿತು?

1930ರ ದಶಕದ ಆರಂಭದಲ್ಲಿ ಅಂಕೋಲಾ, ಸಿದ್ದಾಪುರ, ಹಿರೇಕೆರೂರು ತಾಲೂಕುಗಳ ರೈತರು ತೀರ್ವೆ ಕೊಡೆವೆಂದು ಎದ್ದು ನಿಂತರು. ಅವರ ಹೊಲಗಳನ್ನು ಜಪ್ತಿ ಮಾಡಲಾಯಿತು. ಪಾತ್ರೆ ಪಗಡಗಳು ಲಿಲಾವಿಗೆ ಬಂದವು. ಇಂದು ಶಾಲೆಯ ಪಾಠಗಳಲ್ಲಿ ಅದನ್ನು ಕರನಿರಾಕರಣೆಯ ಸತ್ಯಾಗ್ರಹವೆಂದು ಕಲಿಸುತ್ತೇವೆ, ಕಲಿಸಲೇಬೇಕು. ಅರ್ಧ ಶತಮಾನದ ಅನಂತರ ಮಲಪ್ರಭಾ ಅಚ್ಚುಕಟ್ಟಿನ ರೈತರು ಕರ ಕೊಡೆವೆಂದಾಗ ಮಾತ್ರ ಅದು ಕಾನೂನುಭಂಗವೆನಿಸಿತು. ಈಗ ಸರಕಾರ ನಿಮ್ಮದೇ, ಆದುದರಿಂದ ಕರ ಕೊಡದಿರುವ ಹಕ್ಕು ನಿಮಗಿಲ್ಲ ಎಂಬುದು ಆಳುವವರ ತರ್ಕ. ತರ್ಕ ಸರಿಯೇ. ಆದರೆ ಸರಕಾರ ನಮ್ಮದೇ ಆಗಿದ್ದರೆ ಕರ ಹಾಕುವ ಮೊದಲು ನಮ್ಮನ್ನು ಕೇಳುವ ಕಟ್ಟುಪಾಡು ಅದಕ್ಕಿರಬೇಕಲ್ಲವೆ? ತರ್ಕದ ಒಂದು ತುದಿಯನ್ನು ಹಿಡಿದು ಇನ್ನೊಂದನ್ನು ಕೈಬಿಟ್ಟವರು ಯಾರು?

ಮಲಪ್ರಭೆಗೆ ಸವದತ್ತಿ ತಾಲೂಕಿನ ನವಿಲುತೀರ್ಥದಲ್ಲಿ ಕಟ್ಟಿದ ಅಣೆಕಟ್ಟು 1970ರ ದಶಕದ ಆರಂಭದಲ್ಲಿ ಸಿದ್ಧವಾಗಿ, ನವಲಗುಂದ, ನರಗುಂದ, ರೋಣಗಳ ಎರೆಭೂಮಿಯತ್ತ ಕಾಲುವೆ ಹರಿಯಿತು. ಬಿಳಿಜೋಳ, ಕಡಲೆ, ಕುಸುಬೆಗಳ ಒಣಬೇಸಾಯದಲ್ಲಿ ಮಳೆರಾಯನ ಮುಖ ನೋಡಿ ಬದುಕಿದ ಜನಕ್ಕೆ ಇದು ಭಾಗ್ಯವೆಂದೇ ತೋರಿತು. ಧಾರವಾಡದ ಕಟರ್ಕಿಯವರು ಕಂಡುಹಿಡಿದ ವರಲಕ್ಷ್ಮಿ ಹತ್ತಿಯ ಬೀಜ 1972ರಲ್ಲಿ ಹೊರಬಂದಿದ್ದಿತು. ನೀರು, ಬೀಜ, ಗೊಬ್ಬರ, ಔಷಧ, ಬ್ಯಾಂಕಿನ ಸಾಲ ಎಲ್ಲವೂ ಒಮ್ಮೆಲೇ ಬಂದವು. ಎರಡು ಮೂರು ಸುಗ್ಗಿ ಕಂಡ ಮೇಲೆ ಹತ್ತಿಯ ಬೆಲೆ ಕುಸಿಯಿತು. ಕಾಲುವೆಯ ತುದಿಯ ಊರುಗಳಿಗೆ ನೀರು ತಲುಪಲಿಲ್ಲ. ತಲುಪಿದ ಹಲವು ಹೊಲಗಳಲ್ಲಿ ನೀರು ಬಸಿಯದೆ ಸವಳು ಮೇಲೆದ್ದಿತು. ಸಾಲ ಮಾತ್ರ ಎಲ್ಲ ಹೊಲಗಳಲ್ಲಿಯೂ ಸಮನಾಗಿ ಬೆಳೆಯಿತು.

ಇಂಥ ಹೊತ್ತಿನಲ್ಲಿ ನೀರಕರದ ಬಾಕಿಯ ಜೊತೆಗೆ ಬೆಟರ್‌ಮೆಂಟ್ ಲೆವಿ ಎಂಬ ಅಭಿವೃದ್ಧಿ ಕರದ ನೋಟೀಸುಗಳು ಬಂದವು. ಸರಕಾರ ಕಾಲುವೆ ತಂದುದರಿಂದ ನಿಮ್ಮ ಹೊಲದ ಬೆಲೆ ಏರಿದೆ, ಏರಿದ ಬೆಲೆಯಲ್ಲಿ ಸರಕಾರಕ್ಕೆ ಪಾಲು ಕೊಡಿರಿ ಎಂಬುದು ಅದರ ತಾತ್ಪರ್ಯ. ಇದಕ್ಕೆ ಆಧಾರವಾದ ಶಾಸನ 1957ರದು. ಕಾಗದದಲ್ಲಿ ಏರಿದ ಬೆಲೆಗೆ ರೊಕ್ಕದಲ್ಲಿ ಕರ! ಹೊಲವನ್ನು ಮಾರಿದರೆ ಮಾತ್ರ ಕೈಗೆ ಬರುವ ಲಾಭವನ್ನು, ಮಾರದೆ ಉಳುವವನಿಂದ ಮುಂಗಡವಾಗಿ ಕೇಳುವುದು ಎಂಥ ನ್ಯಾಯ? ಹೊಲದ ಮಣ್ಣು ಮುಟ್ಟಿ ನೋಡದೆ ಕಚೇರಿಯಲ್ಲಿ ಕುಳಿತು ಅದರ ಅಭಿವೃದ್ಧಿಯನ್ನು ಲೆಕ್ಕ ಹಾಕುವ ಈ ವಿದ್ಯೆಯು ವಿಂಗೇಟನ ಸರಪಳಿಗೂ ಒಲಿದಿರಲಿಲ್ಲ; ಅವನು ಮಣ್ಣನ್ನಾದರೂ ಮುಟ್ಟಿ ನೋಡಿದ್ದನು.

1980ರ ಜುಲೈ 21ರಂದು ಸಾವಿರಾರು ರೈತರು ಎರಡೂ ಊರುಗಳ ಸರಕಾರಿ ಕಚೇರಿಗಳ ಮುಂದೆ ನೆರೆದರು. ಗೋಲೀಬಾರಿನಲ್ಲಿ ರೈತರು ಸತ್ತರು. ನರಗುಂದದಲ್ಲಿ ಉದ್ರಿಕ್ತ ಗುಂಪಿನ ಕೈಯಲ್ಲಿ ಪೊಲೀಸರೂ ಸತ್ತರು. ಅವರೂ ಯಾವುದೋ ಬಡ ಒಕ್ಕಲಿನ ಮಕ್ಕಳೇ ಆಗಿದ್ದರೆಂಬುದನ್ನು ಮರೆಯಲಾಗದು. ಕಿಚ್ಚು ನಾಡಿನ ತುಂಬ ಹಬ್ಬಿತು. ಅದೇ ವರ್ಷ ರುದ್ರಪ್ಪ, ಸುಂದರೇಶ, ನಂಜುಂಡಸ್ವಾಮಿ ಮೊದಲಾದವರ ನೇತೃತ್ವದಲ್ಲಿ ಕರ್ನಾಟಕ ರಾಜ್ಯ ರೈತ ಸಂಘ ಹುಟ್ಟಿತು. 1981ರಲ್ಲಿ ನರಗುಂದದಿಂದ ಬೆಂಗಳೂರಿಗೆ ರೈತರ ಪಾದಯಾತ್ರೆ ನಡೆಯಿತು. 1983ರ ಜನವರಿಯಲ್ಲಿ ಕರ್ನಾಟಕದಲ್ಲಿ ಮೊಟ್ಟಮೊದಲ ಬಾರಿ ಕಾಂಗ್ರೆಸೇತರ ಸರಕಾರ ಬಂದಿತು. ಜಪ್ತಿಗೆ ಬಂದವರಿಂದಲೇ ಮರುಜಪ್ತಿ ಮಾಡಿದ ಊರುಗಳೂ, ಪೂರ್ವಾನುಮತಿಯಿಲ್ಲದೆ ಅಧಿಕಾರಿಗಳು ಊರೊಳಗೆ ಬರಬಾರದೆಂದು ಫಲಕ ಕಟ್ಟಿದ ಊರುಗಳೂ ಅಂದು ಇದ್ದವು. ಆ ಫಲಕದ ಅರ್ಥವು ಕರದ ಮಾತಿಗಿಂತ ದೊಡ್ಡದು. ಕಚೇರಿಯು ಊರಿನ ಅಪ್ಪಣೆ ಕೇಳಬೇಕೇ ಹೊರತು ಊರು ಕಚೇರಿಯ ಅಪ್ಪಣೆಯನ್ನಲ್ಲ ಎಂಬ ಪ್ರಜಾಪ್ರಭುತ್ವದ ಮೊದಲ ಪಾಠವನ್ನು ಒಕ್ಕಲು ಮಕ್ಕಳು ಬಿದಿರುಗಳುವಿಗೆ ಕಟ್ಟಿ ತೂಗುಹಾಕಿದ್ದರು.

ರೈತನೆಂದರೆ ಯಾರು?

ಇಲ್ಲಿಯವರೆಗಿನ ಮಾತಿಗೆ ನಮ್ಮ ವಾಚಕರು ತಲೆದೂಗಿರಬಹುದು. ಮುಂದಿನ ಮಾತು ಅಷ್ಟು ಹಿತವಾಗಲಾರದು.

ಅಂದಿನ ಚಳುವಳಿಯ ಬೇಡಿಕೆಗಳಲ್ಲಿ ಕರ ರದ್ದಾಗಲಿ ಎಂಬುದಿದ್ದಿತು, ಬೆಳೆಗೆ ಯೋಗ್ಯ ಬೆಲೆ ಬರಲಿ ಎಂಬುದಿದ್ದಿತು, ಸಾಲದ ವಸೂಲಿ ನಿಲ್ಲಲಿ ಎಂಬುದಿದ್ದಿತು. ಅದೇ ಹತ್ತಿಯನ್ನು ಬಿಡಿಸುವ ಹೆಂಗಸಿನ ದಿನಗೂಲಿ ಎಷ್ಟಾಗಬೇಕು ಎಂಬ ಮಾತು ಎಂದೂ ಮುಂಚೂಣಿಗೆ ಬರಲಿಲ್ಲ. ಹೊಲ ಉಳ್ಳವರೂ, ಹೊಲವನ್ನು ಲಾವಣಿಗೆ ಹಿಡಿದವರೂ, ಕೋರಿಗೆ ಮಾಡುವವರೂ, ಹೊಲವೇ ಇಲ್ಲದೆ ಇನ್ನೊಬ್ಬರ ಹೊಲದಲ್ಲಿ ಕಳೆ ತೆಗೆಯುವವರೂ ಎಲ್ಲರೂ ಒಂದೇ ‘ರೈತ’ ಶಬ್ದದ ಕೆಳಗೆ ನಿಂತರು. ನಿಲ್ಲುವಾಗ ಒಟ್ಟಿಗೆ ನಿಂತರು. ಫಲ ಹಂಚುವಾಗ ಹೊಲದ ಅಳತೆಯಂತೆ ಹಂಚಿಕೊಂಡರು. ಎಕರೆ ಲೆಕ್ಕದ ಕರ ಮನ್ನಾ ಆದರೆ ಎಕರೆ ಹೆಚ್ಚು ಉಳ್ಳವನಿಗೆ ಹೆಚ್ಚು ಲಾಭ. ಎಕರೆಯೇ ಇಲ್ಲದವನಿಗೆ ಲಾಭವೆಲ್ಲಿಯದು?

ಭೂಸುಧಾರಣೆಯನ್ನೂ ಇದೇ ಕಣ್ಣಿನಿಂದ ನೋಡಬೇಕು. ಮುಂಬಯಿ ಸರಕಾರದ 1948ರ ಗೇಣಿ ಕಾಯ್ದೆ, 1961ರ ಭೂಸುಧಾರಣಾ ಶಾಸನ, ದೇವರಾಜ ಅರಸರ ಕಾಲದಲ್ಲಿ 1974ರ ಮಾರ್ಚ್ 1ರಿಂದ ಜಾರಿಗೆ ಬಂದ ಅದರ ತಿದ್ದುಪಡಿ ಇವು ಉಳುವವನನ್ನು ಒಡೆಯನನ್ನಾಗಿ ಮಾಡುವ ಹೆಜ್ಜೆಗಳು. ಅನೇಕ ಗೇಣಿದಾರರು ಭೂಒಡೆಯರಾದರು. ಅದು ನಮ್ಮ ಕಾಲದ ದೊಡ್ಡ ಪುಣ್ಯಕಾರ್ಯ. ಆದರೆ ಕಾಯ್ದೆ ಕಂಡ ‘ಉಳುವವನು’ ಗೇಣಿದಾರನು. ಕೂಲಿಗೆ ನೇಗಿಲು ಹಿಡಿದವನು ಅದರ ಕಣ್ಣಿಗೆ ಬೀಳಲಿಲ್ಲ. ಅವನ ಪಾಲಿಗೆ 1976ರ ಜೀತವಿಮುಕ್ತಿ ಕಾಯ್ದೆ ಬಂದಿತು. ಜೀತ ಹೋಯಿತು, ಭೂಮಿ ಬರಲಿಲ್ಲ.

ಹೀಗೆ ಹಳೆಯ ವತನದಾರರು ಇಳಿದ ಮೆಟ್ಟಿಲುಗಳನ್ನು ಹೊಸ ಒಕ್ಕಲಿನ ಮಕ್ಕಳು ಹತ್ತಿದರು. ಗೌಡಕಿ, ಕುಲಕರ್ಣಿಕೆಗಳ ವಂಶಪಾರಂಪರ್ಯ ಹಕ್ಕು ಕೊನೆಗೊಂಡಿತು, ತಲಾಟಿ ಬಂದನು. ಮಠಗಳ ಪ್ರಸಾದನಿಲಯಗಳಲ್ಲಿ ಉಂಡು, ಹಾಸಿಗೆ ಹಂಚಿಕೊಂಡು ಓದಿದ ಹಳ್ಳಿಯ ಹುಡುಗರು ವಕೀಲರಾದರು, ಎಂಜಿನಿಯರರಾದರು, ತಹಸೀಲ್ದಾರರಾದರು, ಶಾಸಕರಾದರು. ಇದು ನಾವೆಲ್ಲರೂ ಅಭಿಮಾನಪಡುವ ಸಂಗತಿ. ಆದರೆ ಅಭಿಮಾನದ ಜೊತೆಗೆ ಒಂದು ಲೆಕ್ಕವನ್ನೂ ಒಪ್ಪಿಸಬೇಕಾಗಿದೆ. ಭಿಕ್ಷಾನ್ನದಿಂದ ಓದಿಸಿದ ಸಮಾಜವು ಆ ಹುಡುಗರನ್ನು ಕಚೇರಿಯೊಳಗೆ ಕಳಿಸಿದುದು ಕಚೇರಿಯನ್ನು ಊರಿನತ್ತ ತಿರುಗಿಸಲೆಂದು. ತಿರುಗಿತೇ? ಒಳಗೆ ಹೋದವನೇ ತಿರುಗಿ ಕುಳಿತನು. ಹಳ್ಳಿಯ ಅಜ್ಜ ಅರ್ಜಿ ಹಿಡಿದು ನಿಂತರೆ ‘ನಾಳೆ ಬಾ’ ಎನ್ನುವ ಧ್ವನಿ ಮೊದಲು ಅನ್ಯಭಾಷೆಯಲ್ಲಿದ್ದಿತು. ಈಗ ನಮ್ಮ ಸೀಮೆಯ ಕನ್ನಡದಲ್ಲಿಯೇ ಇದೆ. ಏಕೀಕರಣದಿಂದ ನಮಗೆ ಸಿಕ್ಕಿದ ಲಾಭ ಇಷ್ಟೇ ಆಗಬೇಕೆ?

1975ರಲ್ಲಿ ಹಾವನೂರ ಆಯೋಗವು ಲಿಂಗಾಯತರನ್ನು ಹಿಂದುಳಿದವರ ಪಟ್ಟಿಯ ಹೊರಗಿಟ್ಟಾಗ ನಮ್ಮವರು ಕೆರಳಿದರು. ಅಂದಿನ ವಾದವಿವಾದವನ್ನು ಮತ್ತೆ ಕೆದಕುವುದು ಇಲ್ಲಿ ಉದ್ದೇಶವಲ್ಲ. ಆದರೆ ಆ ಸಿಟ್ಟಿನಲ್ಲಿ ಒಂದು ಸತ್ಯ ಮುಚ್ಚಿಹೋಯಿತು. ಒಂದೇ ಸಮಾಜದೊಳಗೆ ನೂರು ಎಕರೆಯ ವಾಡೆಯೂ ಇದ್ದಿತು, ಅದರ ಕಣದಲ್ಲಿ ತೆನೆ ಬಡಿಯುವ ಕೂಲಿಯೂ ಇದ್ದನು. ಸಮಾಜದ ಹೆಸರಿನಲ್ಲಿ ಕೇಳಿದುದನ್ನು ಯಾರು ಉಂಡರೆಂದು ಕೇಳುವ ಧೈರ್ಯ ನಮಗಿರಲಿಲ್ಲ. ಕಾಯಕವನ್ನು ಮೇಲೆಂದು ಸಾರುವ ಜನರು ಕಾಯಕ ಮಾಡುವವನ ಕೂಲಿಯನ್ನು ಕೇಳಲು ಹಿಂಜರಿದರೆ, ಸಾರಿದುದು ಸಾರವಿಲ್ಲದ ಸಾರಣೆಯಾಗುತ್ತದೆ. 2005ರ ಉದ್ಯೋಗ ಖಾತರಿ ಕಾಯ್ದೆ ಬಂದು ಕೂಲಿಯ ದರ ಚೂರು ಏರಿದಾಗ ‘ಆಳುಗಳೇ ಸಿಗುವುದಿಲ್ಲ’ ಎಂದು ನಮ್ಮ ಕಟ್ಟೆಗಳ ಮೇಲೆ ಕೇಳಿಬಂದ ಗೊಣಗಾಟವನ್ನು ಯಾರೂ ಮರೆತಿರಲಾರರು. ಯೋಗ್ಯ ಬೆಲೆ ಹತ್ತಿಗೆ ಬೇಕು, ಹತ್ತಿ ಬಿಡಿಸುವ ಕೈಗೆ ಬೇಡವೆ?

ಈ ಒಡಕಿನ ಫಲವನ್ನು 2020ರಲ್ಲಿ ಉಂಡೆವು. ಕೃಷಿಕರಲ್ಲದವರೂ, ಎಷ್ಟೇ ಆದಾಯವುಳ್ಳವರೂ ಕೃಷಿಭೂಮಿಯನ್ನು ಕೊಳ್ಳಬಹುದೆಂದು ಭೂಸುಧಾರಣಾ ಶಾಸನದ 79-ಎ ಮತ್ತು 79-ಬಿ ಕಲಮುಗಳನ್ನು ತೆಗೆದುಹಾಕಲಾಯಿತು. 1974ರಲ್ಲಿ ಮುಂದಿಟ್ಟ ಹೆಜ್ಜೆಯನ್ನು ಹಿಂದೆಗೆದುಕೊಂಡಂತಾಯಿತು. ರೈತ ಸಂಘಟನೆಗಳು ಬೀದಿಗಿಳಿದವು, ನಿಜ. ಆದರೆ 1980ರಲ್ಲಿ ಎದ್ದ ಕಿಚ್ಚು ಏಳಲಿಲ್ಲ. ಏಕೆ ಏಳಲಿಲ್ಲ? ಹೊಲ ಮಾರುವ ಮನಸ್ಸು ಮಾಡಿದವನಿಗೆ ಕೊಳ್ಳುವವರು ಹೆಚ್ಚಾದರೆ ಸಂತೋಷವೇ. ಹೊಲವಿಲ್ಲದವನನ್ನು ಚಳುವಳಿ ಎಂದೋ ಹೊರಗಿಟ್ಟಿದ್ದಿತು. ನಡುವೆ ಉಳಿದ ಸಣ್ಣ ಹಿಡುವಳಿದಾರನು ಒಬ್ಬಂಟಿಯಾದನು. ತನ್ನ ಕೆಳಗಿನವನನ್ನು ಕೈಬಿಟ್ಟ ವರ್ಗವು ತನ್ನ ಮೇಲಿನವನ ಮುಂದೆ ನಿಲ್ಲಲಾರದು; ಇದಕ್ಕೆ ನಮ್ಮ ಸೀಮೆಯೇ ಸಾಕ್ಷಿ.

ಊರಿನ ಅಧಿಕಾರ ಎಲ್ಲಿ ಹೋಯಿತು?

ಹಳೆಯ ಕಾಲದಲ್ಲಿ ಊರುಗಳು ತಮ್ಮನ್ನು ತಾವೇ ಆಳಿಕೊಳ್ಳುತ್ತಿದ್ದವೆಂದು ಹೇಳಿ ಸಮಾಧಾನಪಡುವವರಿದ್ದಾರೆ. ಗಜೇಂದ್ರಗಡದ ಬಳಿಯ ಸೂಡಿಯಲ್ಲಿ, ಚಾಲುಕ್ಯ ರಾಜಕುಮಾರಿ ಅಕ್ಕಾದೇವಿಯು ಹನ್ನೊಂದನೆಯ ಶತಮಾನದ ನಡುವೆ ಎಂಟು ಸೆಟ್ಟಿಗಳಿಗೂ ಎಂಬತ್ತು ಒಕ್ಕಲುಗಳಿಗೂ ಊರಾಳಿಕೆಯ ಕಟ್ಟಳೆಯನ್ನು ಹೊಸದಾಗಿ ಮಾಡಿಕೊಟ್ಟ ಶಾಸನವಿದೆ. ಓದಿ ಹೆಮ್ಮೆಪಡಬಹುದು. ಆದರೆ ಎಂಬತ್ತು ಒಕ್ಕಲುಗಳೇ ಇಡೀ ಊರಲ್ಲ. ಆ ಒಕ್ಕಲುಗಳ ಹೊಲದಲ್ಲಿ ದುಡಿದವರು ಆ ಕಟ್ಟಳೆಯೊಳಗೆ ಸೇರಿದ್ದರೆಂದು ತಿಳಿಯಲು ಏನೂ ಆಧಾರವಿಲ್ಲ. ನಮಗೆ ಬೇಕಾದುದು ಎಂಬತ್ತು ಒಕ್ಕಲುಗಳ ಸಭೆಯಲ್ಲ. ಇಡೀ ಊರಿನ ಸಭೆ.

ಅದರತ್ತ ನಿಜವಾದ ಹೆಜ್ಜೆ ಬಿದ್ದುದು 1983ರ ಶಾಸನದಿಂದ. ಅಬ್ದುಲ್ ನಜೀರಸಾಬರ ಶ್ರಮದಿಂದ ಜಿಲ್ಲಾ ಪರಿಷತ್ತುಗಳೂ ಮಂಡಲ ಪಂಚಾಯತಿಗಳೂ ಬಂದವು. 1987ರಲ್ಲಿ ಚುನಾವಣೆ ನಡೆಯಿತು. ನಾಲ್ಕರಲ್ಲೊಂದು ಪಾಲು ಸ್ಥಾನಗಳು ಹೆಣ್ಣುಮಕ್ಕಳಿಗೆ ಮೀಸಲಾದವು. ಜಿಲ್ಲೆಯ ಅಧಿಕಾರಿಗಳು ಚುನಾಯಿತ ಅಧ್ಯಕ್ಷರ ಮುಂದೆ ಕೈಕಟ್ಟಿ ಉತ್ತರ ಕೊಡಬೇಕಾದ ಆ ನೋಟ ಕ್ರಾಂತಿಕಾರಕವೇ ಆಗಿದ್ದಿತು. ಮುಂದೆ ಸಂವಿಧಾನದ 73ನೆಯ ತಿದ್ದುಪಡಿ, 1993ರ ಪಂಚಾಯತ ರಾಜ್ಯ ಶಾಸನ. ಕಟ್ಟಡವೇನೋ ಎದ್ದಿತು. ಆದರೆ ಭೂಕಂದಾಯ, ದಂಡಾಧಿಕಾರ, ಪೊಲೀಸು, ನೀರಾವರಿ ಇವೆಲ್ಲ ಹಳೆಯ ಕಚೇರಿಯಲ್ಲಿಯೇ ಉಳಿದವು. ಪಂಚಾಯತಿಗೆ ಸಿಕ್ಕಿದುದು ಚರಂಡಿ, ಬೀದಿದೀಪ ಮತ್ತು ಫಲಾನುಭವಿಗಳ ಯಾದಿ.

ಇನ್ನು ನಾಚಿಕೆಯ ಮಾತು. 2016ರಲ್ಲಿ ಚುನಾಯಿತವಾದ ಜಿಲ್ಲಾ ಮತ್ತು ತಾಲೂಕು ಪಂಚಾಯತಿಗಳ ಅವಧಿ 2021ರಲ್ಲಿ ಮುಗಿಯಿತು. ಅನಂತರ ವರ್ಷವಲ್ಲ, ವರ್ಷಗಳೇ ಉರುಳಿದವು, ಚುನಾವಣೆ ನಡೆಯಲಿಲ್ಲ. ಕ್ಷೇತ್ರವಿಂಗಡಣೆ, ಮೀಸಲಾತಿ, ನ್ಯಾಯಾಲಯ ಎಂಬ ನೆಪಗಳ ಸರಮಾಲೆ. ನಡುವೆ ರಾಜ್ಯದಲ್ಲಿ ಸರಕಾರ ಬದಲಾಯಿತು, ಪಕ್ಷ ಬದಲಾಯಿತು; ನೆಪ ಬದಲಾಗಲಿಲ್ಲ. ಚುನಾಯಿತರ ಕುರ್ಚಿಯಲ್ಲಿ ಆಡಳಿತಾಧಿಕಾರಿಗಳು ಕುಳಿತರು. ಕಚೇರಿಯು ತಾನು ಕಳೆದುಕೊಂಡ ನೆಲವನ್ನು ಒಂದು ಕಲ್ಲೂ ಬೀಳದೆ ಮರಳಿ ಪಡೆಯಿತು. ಕರದ ನೋಟೀಸು ಬಂದಾಗ ಎದ್ದು ನಿಂತ ಸೀಮೆಯು, ತನ್ನ ಮತವನ್ನೇ ಮರಳಿ ಕಸಿದುಕೊಂಡಾಗ ಮಲಗಿದ್ದಿತು. ವಿಧಾನಸಭೆಯ ಚುನಾವಣೆಯನ್ನು ಇದೇ ಬಗೆಯಲ್ಲಿ ಮುಂದೂಡಿದ್ದರೆ ಸುಮ್ಮನಿರುತ್ತಿದ್ದೆವೆ?

‘ಈಗ ಕಚೇರಿ ಮೊದಲಿನಂತಿಲ್ಲ, ಗಣಕಯಂತ್ರ ಬಂದಿದೆ, ಉತಾರ ನಿಮಿಷದಲ್ಲಿ ಸಿಗುತ್ತದೆ, ಮಾಹಿತಿ ಕೇಳುವ ಹಕ್ಕಿದೆ’ ಎಂದು ಬಲ್ಲವರು ಆಕ್ಷೇಪಿಸಬಹುದು. ಒಪ್ಪಿದೆವು. 2005ರ ಮಾಹಿತಿ ಹಕ್ಕು ಕಾಯ್ದೆ ಬೆಳಕಿನ ಕಿಂಡಿಯೇ ಸರಿ. ಆದರೆ ಕಿಟಕಿಯಲ್ಲಿ ಕಾಗದ ಬೇಗ ಬಂದ ಮಾತ್ರಕ್ಕೆ ಕಿಟಕಿಯ ಒಳಗಿನವನು ಹೊರಗಿನವನಿಗೆ ಉತ್ತರವಾದಿಯಾದನೆಂದು ಹೇಳಲಾಗದು. ಕಳಸಾ-ಬಂಡೂರಿ ನೀರಿಗಾಗಿ 2015ರ ಜುಲೈಯಿಂದ ನರಗುಂದದಲ್ಲಿ ರೈತರು ಧರಣಿ ಕುಳಿತರು. 2016ರ ಜುಲೈಯಲ್ಲಿ ನವಲಗುಂದ ತಾಲೂಕಿನ ಯಮನೂರಿನಲ್ಲಿ ಪೊಲೀಸರು ಮನೆಗಳಿಗೆ ನುಗ್ಗಿ ಹೆಂಗಸರು ಮುದುಕರೆನ್ನದೆ ಬಡಿದುದನ್ನು ನಾಡೆಲ್ಲ ದೂರದರ್ಶನದಲ್ಲಿ ಕಂಡಿತು. ಗಣಕಯಂತ್ರದ ಕಾಲದಲ್ಲಿಯೂ ಬೆತ್ತ ಹಳೆಯದೇ. 2018ರಲ್ಲಿ ಮಹದಾಯಿ ನ್ಯಾಯಾಧಿಕರಣವು ಕರ್ನಾಟಕಕ್ಕೆ 13.42 ಟಿಎಂಸಿ ನೀರನ್ನು ಹಂಚಿತು. ಅದರಲ್ಲಿ ಮಲಪ್ರಭೆಗೆ ತಿರುಗಿಸಿಕೊಳ್ಳಲು ಒಪ್ಪಿದುದು ಸ್ವಲ್ಪ ಮಾತ್ರ. ಆ ಸ್ವಲ್ಪದ ಲೆಕ್ಕವೂ ದಿಲ್ಲಿ, ಬೆಂಗಳೂರು, ಪಣಜಿಗಳ ಕಚೇರಿಗಳಲ್ಲಿ ಅಲೆಯಿತು. ಧರಣಿ ಕುಳಿತವನನ್ನು ಮೇಜಿನ ಬಳಿ ಕರೆದು ಕೂಡ್ರಿಸಿದವರು ಯಾರು?

ಆದುದರಿಂದ ಮುಂದಿನ ಜುಲೈ 21ರಂದು ಮಾಲೆ ಹಿಡಿದು ಬರುವವರ ಮುಂದೆ ಮೂರು ಪ್ರಶ್ನೆಗಳನ್ನು ಇಡಬೇಕು. ಕಂದಾಯ ವಸೂಲಿಯ ಕೈಯಿಂದ ದಂಡದ ಬೆತ್ತವನ್ನು ಎಂದು ಬಿಡಿಸುವಿರಿ? ಜಿಲ್ಲಾ, ತಾಲೂಕು ಪಂಚಾಯತಿಗಳ ಚುನಾವಣೆಯನ್ನು ಅವಧಿ ಮೀರದಂತೆ ನಡೆಸುವುದನ್ನು ಸರಕಾರದ ಇಚ್ಛೆಗೆ ಬಿಡದೆ ಎಂದು ಕಟ್ಟುನಿಟ್ಟು ಮಾಡುವಿರಿ? ಕಾಲುವೆಯ ನೀರು ಯಾವ ಊರಿಗೆ ಎಷ್ಟು, ಅದಕ್ಕೆ ಕರವೆಷ್ಟು ಎಂಬುದನ್ನು ಹೊಲ ಉಳ್ಳವರೂ ಇಲ್ಲದವರೂ ಕುಳಿತ ಗ್ರಾಮಸಭೆಯ ಮುಂದೆ ಎಂದು ಇಡುವಿರಿ? ಉತ್ತರ ಕೊಡದವರ ಮಾಲೆಯನ್ನು ವೀರಗಲ್ಲಿಗೆ ಮುಟ್ಟಿಸಬಾರದು.

ನಮ್ಮ ಮುಂದೆಯೂ ಒಂದು ಪ್ರಶ್ನೆ ಇದೆ. ಈ ಪುಟಗಳನ್ನು ಓದುವವರಲ್ಲಿ ಅನೇಕರು ಒಂದಿಲ್ಲೊಂದು ಕಚೇರಿಯ ಕುರ್ಚಿಯಲ್ಲಿದ್ದೀರಿ, ಇಲ್ಲವೆ ಇದ್ದು ನಿವೃತ್ತರಾಗಿದ್ದೀರಿ. ಅನೇಕರಿಗೆ ಊರಲ್ಲಿ ಹೊಲವಿದೆ, ಆ ಹೊಲದಲ್ಲಿ ಬೇರೊಬ್ಬರು ದುಡಿಯುತ್ತಾರೆ. ಕುರ್ಚಿಯಲ್ಲಿದ್ದಾಗ ಎದುರು ನಿಂತವನಿಗೆ ಕುಳಿತುಕೊಳ್ಳಲು ಹೇಳಿದೆವೆ? ಹೊಲದಲ್ಲಿದ್ದಾಗ ದುಡಿದವನಿಗೆ ಆ ಸಂಜೆಯೇ ಕೂಲಿ ಎಣಿಸಿ ಕೊಟ್ಟೆವೆ? ಪ್ರಜಾಪ್ರಭುತ್ವವನ್ನು ಬೆಂಗಳೂರಿನಿಂದ ಯಾರೂ ಹೊತ್ತು ತರಲಾರರು. ಸವಡಿಯ ಗ್ರಾಮಸಭೆಯಲ್ಲಿ ಹತ್ತಿ ಬಿಡಿಸುವ ಹೆಣ್ಣುಮಗಳು ಎದ್ದು ನಿಂತು ತಹಸೀಲ್ದಾರರನ್ನು ಲೆಕ್ಕ ಕೇಳಿದ ದಿನ, ಪಕ್ಕದಲ್ಲಿ ಕುಳಿತ ಹೊಲದ ಒಡೆಯನು ಅವಳ ಮಾತಿಗೆ ಅಡ್ಡ ಬರದೆ ಇದ್ದ ದಿನ, ಅಂದು ಮಾತ್ರ ರೋಣದ ಕಚೇರಿ ನಮ್ಮದಾಯಿತೆಂದು ಹೇಳಬಹುದು.